ಎರಡು ಫಾರಂ, ಒಂದೇ ಮಗು: ಫಿಟ್ಸ್ ಎಷ್ಟು ಜೋರು, ಬದುಕು ಎಷ್ಟು ಸಲೀಸು

ಆಸ್ಪತ್ರೆಯ ಕಾಯುವ ಕೋಣೆಯಲ್ಲಿ ನಮ್ಮ ಕೈಗೆ ಎರಡು ಕ್ಲಿಪ್‌ಬೋರ್ಡ್ ಬಂದವು. ಒಂದು ನನಗೆ, ಇನ್ನೊಂದು ನನ್ನ ಒಂಬತ್ತು ವರ್ಷದ ಮಗಳಿಗೆ. ಎರಡರಲ್ಲೂ ಹೆಚ್ಚುಕಡಿಮೆ ಅವೇ ಪ್ರಶ್ನೆಗಳು. ಕಳೆದ ವಾರ ಎಷ್ಟು ಸಲ ಸುಸ್ತಾಗಿತ್ತು, ಎಷ್ಟು ಸಲ ಗೆಳೆಯರ ಜೊತೆ ಆಡಿದ್ದು, ಎಷ್ಟು ಸಲ ಹೆದರಿಕೆಯಾಯಿತು. ಉತ್ತರಕ್ಕೆ ಐದು ಚೌಕ: ನೀ, ಜೆಲ್ಟನ್, ಮಾಂಶ್‌ಮಾಲ್, ಓಫ್ಟ್, ಇಮ್ಮರ್. ಹೆದರಿಕೆಯ ಸಾಲಿನಲ್ಲಿ ನಾನು 'ಓಫ್ಟ್' ಅಂತ ಗುರುತು ಹಾಕಿದೆ. ಪಕ್ಕಕ್ಕೆ ಇಣುಕಿದರೆ ಅವಳು 'ನೀ' ಅಂತ ಹಾಕಿದ್ದಳು. "ನೋಡ್ಬೇಡ ಅಮ್ಮಾ, ಇದು ನಂದು" ಎಂದು ಕೈ ಅಡ್ಡ ಇಟ್ಟುಕೊಂಡಳು.

ಮನೆಗೆ ಬರುವ ದಾರಿಯುದ್ದಕ್ಕೂ ಅದೇ ಯೋಚನೆ. ಯಾರ ಉತ್ತರ ಸರಿ? ನನ್ನದೋ ಅವಳದೋ?

ಜರ್ಮನಿಯಲ್ಲಿರುವ ಕನ್ನಡದ ಮನೆಗಳಲ್ಲಿ ಫಿಟ್ಸ್ ಇರುವ ಮಗುವನ್ನು ಬೆಳೆಸುತ್ತಿರುವವರು ನಾವೊಬ್ಬರೇ ಅಲ್ಲ. ಹೇಳಿಕೊಳ್ಳುವವರು ಕಡಿಮೆ, ಅಷ್ಟೇ. ನೀವು ಅಂಥವರಲ್ಲಿ ಒಬ್ಬರಾಗಿದ್ದರೆ ಇಂಥ ಫಾರಂ ನಿಮ್ಮ ಕೈಗೂ ಬಂದಿರುತ್ತದೆ, ಇಲ್ಲವೇ ಬರುತ್ತದೆ. ಮಕ್ಕಳ ಆಸ್ಪತ್ರೆಯಲ್ಲಿ, ಎಸ್‌ಪಿಝಡ್ ಎಂದು ಕರೆಯುವ ಮಕ್ಕಳ ಬೆಳವಣಿಗೆಯ ಕೇಂದ್ರದಲ್ಲಿ, ಅಥವಾ ಅಪಸ್ಮಾರಕ್ಕೆಂದೇ ಇರುವ ದೊಡ್ಡ ಕೇಂದ್ರಗಳಲ್ಲಿ. ಏನೋ ಸರ್ವೆ ಇರಬೇಕು ಎಂದುಕೊಂಡು ನಾನು ಮೊದಲ ಸಲ ಐದು ನಿಮಿಷದಲ್ಲಿ ತುಂಬಿ ಕೊಟ್ಟುಬಿಟ್ಟಿದ್ದೆ. ಅದು ಸರ್ವೆಯಲ್ಲ. ಮಾತ್ರೆ ಬದಲಿಸಬೇಕೇ, ಡೋಸ್ ಏರಿಸಬೇಕೇ, ಮನಶ್ಶಾಸ್ತ್ರಜ್ಞರ ಹತ್ತಿರ ಕಳಿಸಬೇಕೇ ಎಂಬ ತೀರ್ಮಾನಗಳಲ್ಲಿ ಆ ಕಾಗದಕ್ಕೂ ಪಾಲಿದೆ.

ಎಣಿಸಿದರೆ ಸಾಲದು

ನಮ್ಮ ಮಗಳಿಗೆ ಶುರುವಾದದ್ದು ಏಳನೇ ವಯಸ್ಸಿನಲ್ಲಿ. ಬೀಳಲಿಲ್ಲ, ಕೈಕಾಲು ಸೆಳೆಯಲಿಲ್ಲ. ಮಾತಾಡುತ್ತ ಮಾತಾಡುತ್ತ ಹತ್ತು ಸೆಕೆಂಡು ಎಲ್ಲೋ ಹೋಗಿ ಬರುತ್ತಿದ್ದಳು. 'ಕನಸು ಕಾಣುವ ಹುಡುಗಿ' ಎಂದು ಶಾಲೆಯಲ್ಲಿ ಹೇಳಿದರು. ನಾವೂ ಒಪ್ಪಿದೆವು, ನಮ್ಮ ಮನೆಯಲ್ಲಿ ಕನಸು ಕಾಣುವವರಿಗೇನೂ ಬರವಿಲ್ಲ. ಇಇಜಿ ತೆಗೆಯುವಾಗ ಕಾಗದದ ಗಿರಗಟ್ಟೆಯನ್ನು ಉಫ್ ಉಫ್ ಎಂದು ಊದಿಸಿದರು. ಎರಡು ನಿಮಿಷ ಊದುವಷ್ಟರಲ್ಲಿ ಅವಳ ಕಣ್ಣು ನಿಂತುಹೋಯಿತು, ಪರದೆಯ ಮೇಲೆ ಗೆರೆಗಳು ಎದ್ದು ಕುಣಿದವು. ಇಂಥದ್ದಕ್ಕೆ ಇಲ್ಲಿ 'ಅಬ್ಸಾಂಸ್' ಎನ್ನುತ್ತಾರೆ. ಮನಸ್ಸು ಕ್ಷಣಕಾಲ ಗೈರುಹಾಜರಾಗುವುದು. ಒಂದೂವರೆ ವರ್ಷದ ಮೇಲೆ ಎರಡು ಸಲ ದೊಡ್ಡ ಸೆಳೆತವೂ ಬಂತು.

ಈಗ ಹೇಳಿ. ದಿನಕ್ಕೆ ಇಪ್ಪತ್ತು ಸಲ ಹತ್ತು ಸೆಕೆಂಡು ಗೈರಾಗುವ ಮಗು ಒಂದು. ಆರು ತಿಂಗಳಿಗೊಮ್ಮೆ ಬಿದ್ದು, ನಾಲಿಗೆ ಕಚ್ಚಿಕೊಂಡು, ಅರ್ಧ ದಿನ ಮಂಕಾಗಿ ಮಲಗುವ ಮಗು ಇನ್ನೊಂದು. ಯಾರ ಕಾಯಿಲೆ ಹೆಚ್ಚು ತೀವ್ರ? ಲೆಕ್ಕ ನೋಡಿದರೆ ಮೊದಲನೆಯದು. ಆದರೆ ಎರಡನೆಯ ಮಗುವಿನ ಅಮ್ಮನನ್ನು ಕೇಳಿ ನೋಡಿ.

ನರರೋಗ ತಜ್ಞರು ಈ ತೊಡಕನ್ನು ನೇರವಾಗಿ ಎದುರಿಸಿದ್ದು 1990ರ ದಶಕದಲ್ಲಿ. ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ ಒಂದು ತಂಡ 1991ರಲ್ಲಿ ಸೆಳೆತದ ತೀವ್ರತೆ ಅಳೆಯುವ ಪ್ರಶ್ನಾವಳಿ ಪ್ರಕಟಿಸಿತು. ರೋಗಿಯೇ ತುಂಬುವಂಥದ್ದು. ಅದರ ಪರಿಷ್ಕೃತ ರೂಪದಲ್ಲಿ ಹನ್ನೆರಡು ಪ್ರಶ್ನೆಗಳಿವೆ, ಎಲ್ಲವೂ ಕಳೆದ ನಾಲ್ಕು ವಾರದಲ್ಲಿ ಬಂದ ಅತಿ ಜೋರಾದ ಸೆಳೆತದ ಬಗ್ಗೆ. ಎಚ್ಚರ ತಪ್ಪಿತೇ, ಎಷ್ಟು ಹೊತ್ತು? ಬಿದ್ದಿರಾ? ನಾಲಿಗೆ ಕಚ್ಚಿತೇ, ಬಟ್ಟೆ ಒದ್ದೆಯಾಯಿತೇ? ಆಮೇಲೆ ತಲೆನೋವು, ಗೊಂದಲ, ನಿದ್ದೆ ಬಂತೇ? ಮತ್ತೆ ಮಾಮೂಲಿ ಕೆಲಸಕ್ಕೆ ಮರಳಲು ಎಷ್ಟು ಹೊತ್ತು ಹಿಡಿಯಿತು? ಕೊನೆಗೆ ಸೊನ್ನೆಯಿಂದ ನೂರರವರೆಗೆ ಒಂದು ಅಂಕ. ಅದೇ ಕಾಲದಲ್ಲಿ ಲಂಡನ್ನಿನ ವೈದ್ಯರು ಚಾಲ್‌ಫಾಂಟ್ ಎಂಬಲ್ಲಿ ಇನ್ನೊಂದು ಅಳತೆಗೋಲು ಮಾಡಿದರು. 1996ರಲ್ಲಿ ಅದನ್ನೇ ಸರಳಗೊಳಿಸಿದರು. ಅದನ್ನು ತುಂಬುವವರು ವೈದ್ಯರು, ಕಣ್ಣಾರೆ ಕಂಡವರನ್ನು ಕೇಳಿಕೊಂಡು. ಅಲ್ಲಿ ಬೀಳುವುದು, ಗಾಯ, ಚೇತರಿಕೆಯ ಸಮಯ ಇವುಗಳಿಗೆ ಬೇರೆ ಬೇರೆ ಅಂಕ. ಎಲ್ಲ ಕೂಡಿಸಿದರೆ ಹೆಚ್ಚೆಂದರೆ 27.

ಎರಡೂ ದೊಡ್ಡವರಿಗೆ ಮಾಡಿದವು. ಮಕ್ಕಳಿಗೆ ತಮ್ಮ ಸೆಳೆತ ತಮಗೆ ನೆನಪಿರುವುದಿಲ್ಲ, ನೋಡಿದವರು ನಾವು. ಅದಕ್ಕೇ ನೆದರ್‌ಲ್ಯಾಂಡ್ಸ್‌ನವರು ಅಪ್ಪ ಅಮ್ಮ ತುಂಬುವಂಥ ಹೇಗ್ ಮಾಪನವನ್ನು ಅದೇ ದಶಕದಲ್ಲಿ ರೂಪಿಸಿದರು. ಅದರ ಜೊತೆಗೆ ಇನ್ನೆರಡು ಬಂದವು: ಮಾತ್ರೆಯ ಅಡ್ಡಪರಿಣಾಮಕ್ಕೊಂದು, ಕಾಯಿಲೆಯಿಂದಾಗಿ ಮಗುವಿನ ಮೇಲೆ ಬಿದ್ದ ನಿರ್ಬಂಧಗಳಿಗೊಂದು. ಈ ಮೂರನೆಯದು ನನಗೆ ಚುರುಕು ಮುಟ್ಟಿಸಿತು. ಈಜು ಬೇಡ, ಸೈಕಲ್ ಬೇಡ, ಗೆಳತಿಯ ಮನೆಯಲ್ಲಿ ರಾತ್ರಿ ಉಳಿಯುವುದು ಬೇಡ. ಇವನ್ನೆಲ್ಲ ತಂದದ್ದು ಕಾಯಿಲೆಯೋ ನಾನೋ ಎಂದು ಯೋಚಿಸುವ ಹಾಗೆ ಮಾಡಿತು.

ಒಂದು ಮಾತು ಇಲ್ಲೇ ಹೇಳಿಬಿಡುತ್ತೇನೆ, ಏಕೆಂದರೆ ನಾನು ಇದರಲ್ಲಿ ಎಡವಿದ್ದೇನೆ. ತೀವ್ರತೆಯ ಅಳತೆಗಳಲ್ಲಿ ಅಂಕ ಏರಿದರೆ ಕೆಟ್ಟದ್ದು. ಬದುಕಿನ ಗುಣಮಟ್ಟದ ಅಳತೆಗಳಲ್ಲಿ ಅಂಕ ಏರಿದರೆ ಸಾಮಾನ್ಯವಾಗಿ ಒಳ್ಳೆಯದು. ವೈದ್ಯರ ಪತ್ರದಲ್ಲಿ ಒಂದು ಸಂಖ್ಯೆ ಕಂಡ ತಕ್ಷಣ ಸಂತೋಷವನ್ನೂ ಪಡಬೇಡಿ, ಗಾಬರಿಯನ್ನೂ ಆಗಬೇಡಿ. ಅದು ಯಾವ ಕಡೆಗೆ ಓಡುವ ಅಳತೆ ಎಂದು ಮೊದಲು ಕೇಳಿ.

ಸರ್ಕಾರದ ಅಳತೆಗೋಲು

ಆಸ್ಪತ್ರೆಯ ಅಳತೆಗಳ ಜೊತೆಗೆ ಜರ್ಮನಿಯಲ್ಲಿ ಇನ್ನೊಂದಿದೆ. ನಮ್ಮಲ್ಲಿ ಬಹಳ ಜನ ಅದರ ಹೆಸರು ಕೇಳಿದರೇ ಹಿಂದೆ ಸರಿಯುತ್ತಾರೆ. 'ಗ್ರಾಡ್ ಡೇರ್ ಬೆಹಿಂಡರುಂಗ್', ಚಿಕ್ಕದಾಗಿ ಜಿಡಿಬಿ. 2009ರಿಂದ ಜಾರಿಯಲ್ಲಿರುವ ಒಂದು ನಿಯಮಾವಳಿಯಲ್ಲಿ ಯಾವ ಆರೋಗ್ಯ ಸಮಸ್ಯೆಗೆ ಎಷ್ಟು ಎಂದು ಹತ್ತರ ಲೆಕ್ಕದಲ್ಲಿ ಅಂಕ ಬರೆದಿದ್ದಾರೆ. ಅಪಸ್ಮಾರಕ್ಕೆ ಅಲ್ಲಿ ಎರಡೇ ವಿಷಯ ಮುಖ್ಯ: ಸೆಳೆತದ ಬಗೆ ಮತ್ತು ಎಷ್ಟು ದಿನಕ್ಕೊಮ್ಮೆ. ದೊಡ್ಡ ಸೆಳೆತ ವರ್ಷಕ್ಕೂ ಹೆಚ್ಚಿನ ಅಂತರದಲ್ಲಿ, ಸಣ್ಣವು ತಿಂಗಳುಗಳ ಅಂತರದಲ್ಲಿ ಬಂದರೆ 40. ದೊಡ್ಡವು ತಿಂಗಳುಗಳ ಅಂತರದಲ್ಲಿ, ಸಣ್ಣವು ವಾರಗಳ ಅಂತರದಲ್ಲಿ ಆದರೆ 50ರಿಂದ 60. ದೊಡ್ಡವು ವಾರಗಳ ಅಂತರದಲ್ಲಿ, ಸಣ್ಣವು ದಿನಗಳ ಅಂತರದಲ್ಲಿ ಆದರೆ 60ರಿಂದ 80. ವಾರವಾರವೂ ದೊಡ್ಡವು ಅಥವಾ ದಿನವೂ ಸಣ್ಣವು ಬರುತ್ತಿದ್ದರೆ 90ರಿಂದ 100. ಮಾತ್ರೆ ತೆಗೆದುಕೊಳ್ಳುತ್ತ ಮೂರು ವರ್ಷ ಸೆಳೆತವಿಲ್ಲದಿದ್ದರೆ 30. ಮಾತ್ರೆಯೂ ಇಲ್ಲದೆ ಮೂರು ವರ್ಷ ಕಳೆದರೆ ಕಾಯಿಲೆ ಅಡಗಿತು ಎಂದು ಲೆಕ್ಕ.

50 ಅಥವಾ ಅದಕ್ಕಿಂತ ಹೆಚ್ಚಿದ್ದರೆ 'ಶ್ವೇರ್‌ಬೆಹಿಂಡರ್ಟ್' ಎಂಬ ಗುರುತಿನ ಚೀಟಿ ಸಿಗುತ್ತದೆ, ತೆರಿಗೆಯಲ್ಲಿ ವಿನಾಯಿತಿಯಿದೆ. ಕೆಲವು ಮಕ್ಕಳಿಗೆ ಹೆಚ್ಚಿನ ನೆರವು ಬೇಕೆಂದು 'ಹಾ' ಎಂಬ ಅಕ್ಷರವನ್ನೂ ಸೇರಿಸುತ್ತಾರೆ. ಅರ್ಜಿ ಹಾಕುವುದು ಬಿಡುವುದು ನಿಮ್ಮಿಷ್ಟ, ಯಾರೂ ಒತ್ತಾಯ ಮಾಡುವುದಿಲ್ಲ. ನಾವು ಒಂದು ವರ್ಷ ಮೀನಮೇಷ ಎಣಿಸಿದೆವು. ಊರಿಗೆ ಫೋನ್ ಮಾಡಿದಾಗ ನಮ್ಮತ್ತೆ, "ಅಂಗವಿಕಲೆ ಅಂತ ಸರ್ಟಿಫಿಕೇಟ್ ಮಾಡಿಸ್ತೀಯೇನಮ್ಮಾ, ನಾಳೆ ಮದುವೆ ಮಾಡೋದು ಬೇಡ್ವಾ?" ಎಂದರು. ಕೋಪ ಬಂತು. ಆದರೆ ಅವರ ಭಯ ಸುಮ್ಮನೆ ಹುಟ್ಟಿದ್ದಲ್ಲ. ಹಿಂದೂ ವಿವಾಹ ಕಾಯ್ದೆಯಲ್ಲಿ ಪದೇ ಪದೇ ಬರುವ ಅಪಸ್ಮಾರವನ್ನು ಮದುವೆಗೆ ಅಡ್ಡಿ ಎಂದೇ ಬರೆದಿತ್ತು. ಆ ಪದವನ್ನು ತೆಗೆದುಹಾಕಿದ್ದು 1999ರಲ್ಲಿ. ನಮ್ಮತ್ತೆಯ ತಲೆಮಾರು ಅಷ್ಟರಲ್ಲಿ ಮಕ್ಕಳ ಮದುವೆ ಮುಗಿಸಿಯಾಗಿತ್ತು.

ಈ ದೇಶದ ಕಥೆಯೂ ಹಸನಾದದ್ದಲ್ಲ. ಬೀಲೆಫೆಲ್ಡ್ ಪಕ್ಕದ ಬೇತೆಲ್‌ನಲ್ಲಿ ಅಪಸ್ಮಾರ ಇರುವವರಿಗೆಂದು 1867ರಲ್ಲಿ ಒಂದು ಆಶ್ರಯ ಶುರುವಾಯಿತು. ಇವತ್ತಿಗೂ ಅದು ಜರ್ಮನಿಯ ಹೆಸರಾಂತ ಅಪಸ್ಮಾರ ಕೇಂದ್ರಗಳಲ್ಲಿ ಒಂದು. 1933ರಲ್ಲಿ ನಾಜಿ ಸರ್ಕಾರ ತಂದ ಬಲವಂತದ ಸಂತಾನಹರಣ ಕಾನೂನಿನ ಪಟ್ಟಿಯಲ್ಲಿ 'ವಂಶಪಾರಂಪರ್ಯದ ಅಪಸ್ಮಾರ'ವೂ ಇತ್ತು. 1939ರ ಶರತ್ಕಾಲದಲ್ಲಿ ಆಸ್ಪತ್ರೆಗಳಿಗೆ ಒಂದು ನಮೂನೆ ಬಂತು: ರೋಗಿಯ ಕಾಯಿಲೆ ಏನು, ಎಷ್ಟು ವರ್ಷದಿಂದ, ಕೆಲಸ ಮಾಡಬಲ್ಲನೇ. ಆ ನಮೂನೆಗಳನ್ನು ನೋಡಿಯೇ ಯಾರನ್ನು ಕೊಲ್ಲಬೇಕೆಂದು ನಿರ್ಧರಿಸಿದರು. ಬೇತೆಲ್ 1940ರಲ್ಲಿ ಅವನ್ನು ತುಂಬಲು ಒಪ್ಪಲಿಲ್ಲ. ಆದರೆ ಸಂತಾನಹರಣದ ಶಸ್ತ್ರಚಿಕಿತ್ಸೆಗಳು ಅಲ್ಲಿಯೂ ನಡೆದಿದ್ದವು.

ಮಕ್ಕಳ ಫಾರಂ ಬಗ್ಗೆ ಬರೆಯುತ್ತ ಇದೆಲ್ಲ ಏಕೆ ಎನ್ನಬಹುದು. ಆ ನಮೂನೆಯಲ್ಲಿ ರೋಗಿಯನ್ನು ಯಾರೂ ಏನೂ ಕೇಳಿರಲಿಲ್ಲ. ಇವತ್ತು ನನ್ನ ಮಗಳ ಕೈಗೆ ಪೆನ್ಸಿಲ್ ಕೊಟ್ಟು 'ನಿನಗೆ ಹೇಗನ್ನಿಸುತ್ತದೆ' ಎಂದು ಕೇಳುತ್ತಾರೆ. ಅವಳು ಕೈ ಅಡ್ಡ ಇಟ್ಟು ನನ್ನಿಂದ ಮುಚ್ಚಿಕೊಂಡು ಉತ್ತರ ಬರೆಯುತ್ತಾಳೆ. ಆ ವ್ಯತ್ಯಾಸ ಚಿಕ್ಕದು ಎಂದು ನನಗೆ ಅನ್ನಿಸುವುದಿಲ್ಲ.

'ನನ್ನ ಗುಟ್ಟು'

ಬದುಕಿನ ಗುಣಮಟ್ಟ ಎಂಬುದಕ್ಕೆ ಇಲ್ಲಿ 'ಲೇಬೆನ್ಸ್‌ಕ್ವಾಲಿಟೇಟ್' ಎನ್ನುತ್ತಾರೆ. ಅಪಸ್ಮಾರದಲ್ಲಿ ಅದನ್ನು ಅಳೆಯಲು ಪ್ರಪಂಚದಲ್ಲಿ ಹೆಚ್ಚು ಬಳಕೆಯಾಗುವುದು ಅಮೆರಿಕದಲ್ಲಿ ಹುಟ್ಟಿದ ಕ್ಯೂಓಎಲ್‌ಐಇ ಕುಟುಂಬ. ಮೊದಲನೆಯದರಲ್ಲಿ 89 ಪ್ರಶ್ನೆ. ಅಷ್ಟು ತುಂಬುವ ವ್ಯವಧಾನ ಯಾರಿಗಿದೆ? 1998ರಲ್ಲಿ 31 ಪ್ರಶ್ನೆಯದು ಪ್ರಕಟವಾಯಿತು, ಹತ್ತರದ್ದೂ ಒಂದಿದೆ. 31ರಲ್ಲಿ ಏಳು ಭಾಗ: ಮುಂದಿನ ಸೆಳೆತದ ಚಿಂತೆ, ಒಟ್ಟಾರೆ ಬದುಕು, ಮನಸ್ಸಿನ ನೆಮ್ಮದಿ, ಚೈತನ್ಯ ಮತ್ತು ಆಯಾಸ, ನೆನಪು ಮತ್ತು ಗಮನ, ಮಾತ್ರೆಯ ಪರಿಣಾಮ, ಜನರ ಜೊತೆಗಿನ ಒಡನಾಟ. ಇದರ ಜರ್ಮನ್ ಆವೃತ್ತಿಯನ್ನು ಪರೀಕ್ಷಿಸಿ ಸಿದ್ಧಪಡಿಸಿದ್ದು ಅದೇ ಬೇತೆಲ್‌ನ ಸಂಶೋಧಕರು. ನಿಮ್ಮ ಮಗುವಿಗೆ ಹನ್ನೊಂದು ದಾಟಿದ್ದರೆ ಹದಿಹರೆಯದವರಿಗೆಂದೇ ಮಾಡಿದ 48 ಪ್ರಶ್ನೆಯದು ಸಿಗಬಹುದು.

ಚಿಕ್ಕ ಮಕ್ಕಳಿಗೆ ಆಸ್ಟ್ರೇಲಿಯಾದಲ್ಲಿ ರೂಪಿಸಿದ, ಹೆತ್ತವರು ತುಂಬುವ ಕ್ಯೂಓಎಲ್‌ಸಿಇ ಇದೆ. ಈಗ ಅದರ 55 ಪ್ರಶ್ನೆಯ ಚಿಕ್ಕ ರೂಪ ಹೆಚ್ಚು ಓಡಾಡುತ್ತಿದೆ. ನಮ್ಮ ಕೈಗೆ ಬಂದದ್ದು ಜರ್ಮನಿಯದೇ ಆದ ಕಿಂಡ್ಲ್. 24 ಪ್ರಶ್ನೆ: ದೇಹ, ಮನಸ್ಸು, ಸ್ವಾಭಿಮಾನ, ಮನೆ, ಗೆಳೆಯರು, ಶಾಲೆ. ನಾಲ್ಕರಿಂದ ಆರು ವರ್ಷದವರನ್ನು ಬಾಯಲ್ಲಿ ಕೇಳುತ್ತಾರೆ, ಏಳರಿಂದ ಹದಿಮೂರರವರು ತಾವೇ ತುಂಬುತ್ತಾರೆ, ಹದಿನಾಲ್ಕರ ಮೇಲಿನವರಿಗೆ ಬೇರೆಯೇ ಇದೆ. ಇದು ಬರೀ ಅಪಸ್ಮಾರಕ್ಕೆ ಮಾಡಿದ್ದಲ್ಲ. ಅಸ್ತಮಾ ಇರುವ ಮಗುವಿಗೂ, ಏನೂ ಕಾಯಿಲೆ ಇಲ್ಲದ ಮಗುವಿಗೂ ಇದನ್ನೇ ಕೊಡಬಹುದು. ಆದ್ದರಿಂದ ಹೋಲಿಸಿ ನೋಡಲು ಅನುಕೂಲ.

ನನಗೆ ಇವೆಲ್ಲದರಲ್ಲಿ ಇಷ್ಟವಾದದ್ದು ಕೆನಡಾದಲ್ಲಿ 2003ರಲ್ಲಿ ಬಂದ 25 ಪ್ರಶ್ನೆಯ ಇನ್ನೊಂದು. ಅದನ್ನು ಮಾಡಿದವರು ಮೊದಲು ಮಕ್ಕಳನ್ನು ಗುಂಪು ಗುಂಪಾಗಿ ಕೂರಿಸಿ, ಅಪಸ್ಮಾರದ ಜೊತೆ ಬದುಕುವುದೆಂದರೆ ಏನು ಎಂದು ಮಾತಾಡಲು ಬಿಟ್ಟರು. ಮಕ್ಕಳು ಹೇಳಿದ್ದರಿಂದ ಪ್ರಶ್ನೆಗಳು ಹುಟ್ಟಿದವು. ಪ್ರಶ್ನೆಯ ಧಾಟಿಯೂ ಬೇರೆ. 'ಕೆಲವು ಮಕ್ಕಳು ಹೀಗೆ, ಇನ್ನು ಕೆಲವರು ಹಾಗೆ. ನೀನು ಯಾರ ಹಾಗೆ?' ಆಮೇಲೆ 'ಪೂರ್ತಿ ನಿಜವೋ ಸ್ವಲ್ಪ ನಿಜವೋ?' ಯಾವ ಉತ್ತರ ಕೊಟ್ಟರೂ ತಪ್ಪಲ್ಲ ಎಂದು ಮಗುವಿಗೆ ಮೊದಲೇ ಹೇಳಿದ ಹಾಗಾಯಿತು. ಅದರ ಐದು ಭಾಗಗಳಲ್ಲಿ ಒಂದರ ಹೆಸರು, ಅಪಸ್ಮಾರ: ನನ್ನ ಗುಟ್ಟು. ಯಾರಿಗೆ ಹೇಳುತ್ತೀಯಾ, ಯಾರಿಂದ ಮುಚ್ಚಿಡುತ್ತೀಯಾ ಎಂಬುದನ್ನೂ ಬದುಕಿನ ಗುಣಮಟ್ಟದ ಭಾಗವೆಂದೇ ಅಳೆಯುತ್ತಾರೆ.

ಆ ಹೆಸರು ಓದಿದಾಗ ಯುಗಾದಿಯ ದಿನ ನೆನಪಾಯಿತು. ಕನ್ನಡ ಬಳಗದ ಕಾರ್ಯಕ್ರಮಕ್ಕೆ ಹೊರಡುವಾಗ ನಾನೇ ಅವಳಿಗೆ ಹೇಳಿದ್ದೆ, "ಮಾತ್ರೆ ವಿಷಯ ಆಂಟಿಯರ ಹತ್ರ ಹೇಳ್ಬೇಡ ಪುಟ್ಟಿ." ಶಾಲೆಯಲ್ಲಿ ಇಡೀ ತರಗತಿಗೆ ಗೊತ್ತು, ಶಿಕ್ಷಕಿಯೇ ಕೂರಿಸಿ ವಿವರಿಸಿದ್ದರು. ಅಂದರೆ ಜರ್ಮನ್‌ನಲ್ಲಿ ಅವಳಿಗೆ ಗುಟ್ಟಿಲ್ಲ, ಕನ್ನಡದಲ್ಲಿ ಮಾತ್ರ ಇದೆ. ಎರಡು ಭಾಷೆಯಲ್ಲಿ ಬೆಳೆಯುವ ಮಗು ಅಮ್ಮನ ಭಾಷೆ ನಾಚಿಕೆಯ ಭಾಷೆ ಎಂದುಕೊಂಡರೆ ಆ ತಪ್ಪು ಮಗುವಿನದಲ್ಲ.

ಇನ್ನು, ಯಾರ ಉತ್ತರ ಸರಿ ಎಂಬ ನನ್ನ ಪ್ರಶ್ನೆ. ಹೆತ್ತವರು ಕೊಡುವ ಅಂಕ ಮಕ್ಕಳು ತಮಗೆ ತಾವೇ ಕೊಟ್ಟುಕೊಳ್ಳುವುದಕ್ಕಿಂತ ಕಡಿಮೆ ಇರುವುದು ಈ ಅಳತೆಗಳಲ್ಲಿ ಮತ್ತೆ ಮತ್ತೆ ಕಂಡಿದೆ. ಅಮೆರಿಕದಲ್ಲಿ ಅಪಸ್ಮಾರ ಇರುವ ಮಕ್ಕಳನ್ನೂ ಅವರ ಆರೋಗ್ಯವಂತ ಒಡಹುಟ್ಟಿದವರನ್ನೂ ಹೋಲಿಸಿದಾಗ, ಮಕ್ಕಳ ಉತ್ತರಗಳಲ್ಲಿ ಹೆಚ್ಚು ಅಂತರ ಕಾಣಲಿಲ್ಲ. ಅಪ್ಪ ಅಮ್ಮಂದಿರ ಉತ್ತರಗಳಲ್ಲಿ ಕಂಡಿತು. ನಮ್ಮ ವೈದ್ಯೆಯನ್ನು ಕೇಳಿದೆ. ಎರಡೂ ಸರಿ ಎಂದರು. ಹೊರಗೆ ಕಾಣುವ ನೆನಪಿನ ತೊಂದರೆ, ಸಿಡುಕು, ನಿದ್ದೆ ಇಂಥವನ್ನು ಹೆತ್ತವರು ಚೆನ್ನಾಗಿ ಹೇಳುತ್ತಾರಂತೆ. ಒಳಗಿನದನ್ನು ಮಗುವೇ ಹೇಳಬೇಕು. ಹೆದರಿಕೆಯ ಸಾಲಿನಲ್ಲಿ ನಾನು ಗುರುತು ಹಾಕಿದ್ದು ಬಹುಶಃ ನನ್ನ ಹೆದರಿಕೆಗೆ. ರಾತ್ರಿ ಮೂರು ಗಂಟೆಗೆ ಎದ್ದು ಅವಳ ಉಸಿರು ಕೇಳುವವಳು ನಾನು. ಅವಳು ಹಾಯಾಗಿ ಮಲಗಿರುತ್ತಾಳೆ.

'ಆಗಾಗ' ಅಂದರೆ ಎಷ್ಟು?

ಈಗ ನಮ್ಮಂಥವರಿಗೇ ಇರುವ ತೊಡಕು. ಫಾರಂ ಜರ್ಮನ್‌ನಲ್ಲಿ. ಮಗುವಿಗೆ ಅದು ಸಲೀಸು, ನಮಗೆ ಅಷ್ಟಿಲ್ಲ. ತಲೆಯೊಳಗೆ ಕನ್ನಡಕ್ಕೆ ತಿರುಗಿಸಿಕೊಂಡು ಗುರುತು ಹಾಕುತ್ತೇವೆ. 'ಮಾಂಶ್‌ಮಾಲ್' ಎಂದರೆ ಆಗಾಗ. ಸರಿ, 'ಓಫ್ಟ್' ಎಂದರೆ? ಅದೂ ನಮ್ಮ ಬಾಯಲ್ಲಿ ಒಮ್ಮೊಮ್ಮೆ ಆಗಾಗ ಎಂದೇ ಬರುತ್ತದೆ. ಒಂದು ಚೌಕ ಆಚೀಚೆ ಆದರೆ ಅಂಕವೂ ಆಚೀಚೆ ಆಗುತ್ತದೆ. ಮುಂದಿನ ಸಲ ನನ್ನ ಬದಲು ನನ್ನ ಗಂಡ ತುಂಬಿದರೆ ಮಗುವಿನಲ್ಲಿ ಏನೂ ಬದಲಾಗದೆ ಅಂಕ ಮಾತ್ರ ಬದಲಾಗಬಹುದು. ಅದಕ್ಕೆ ನಾವೊಂದು ನಿಯಮ ಮಾಡಿಕೊಂಡಿದ್ದೇವೆ: ತುಂಬುವವರು ಯಾವಾಗಲೂ ಒಬ್ಬರೇ. ಮತ್ತೆ ಐದು ಚೌಕಗಳಿಗೆ ನಮ್ಮದೇ ಅರ್ಥ ಬರೆದಿಟ್ಟುಕೊಂಡಿದ್ದೇವೆ. ವಾರಕ್ಕೆ ಒಂದೆರಡು ದಿನ ಆದರೆ ಮಾಂಶ್‌ಮಾಲ್, ನಾಲ್ಕೈದು ದಿನ ಆದರೆ ಓಫ್ಟ್. ಇದು ಯಾವ ಪುಸ್ತಕದಲ್ಲೂ ಇಲ್ಲ, ಆದರೆ ಹೋದ ಸಲದ್ದಕ್ಕೂ ಈ ಸಲದ್ದಕ್ಕೂ ತಾಳೆಯಾಗುತ್ತದೆ.

ಇನ್ನೊಂದು ಪದ 'ಪರವಾಗಿಲ್ಲ'. ಹೇಗಿದೀರಾ ಎಂದರೆ ಪರವಾಗಿಲ್ಲ. ಮೂಳೆ ಮುರಿದಿದ್ದರೂ ಪರವಾಗಿಲ್ಲ. ಈ ಅಭ್ಯಾಸದಿಂದ ನಾವು ಮಧ್ಯದ ಚೌಕದಲ್ಲೇ ಕೂತುಬಿಡುತ್ತೇವೆ. ಜರ್ಮನ್ನರು ಕೇಳಿದ ಪ್ರಶ್ನೆಯನ್ನು ಅಕ್ಷರಶಃ ತೆಗೆದುಕೊಂಡು ಉತ್ತರವನ್ನೂ ಅಕ್ಷರಶಃ ಓದುತ್ತಾರೆ. 'ಪರವಾಗಿಲ್ಲ' ಎಂದರೆ ಪರವಾಗಿಲ್ಲ, ಮುಂದಿನ ಭೇಟಿ ಆರು ತಿಂಗಳಿಗೆ.

ಇಂಥ ಪ್ರಶ್ನಾವಳಿಗಳನ್ನು ಒಂದು ಭಾಷೆಯಿಂದ ಇನ್ನೊಂದಕ್ಕೆ ತರುವುದು ದೊಡ್ಡ ಕೆಲಸ. ಅನುವಾದ ಮಾಡಿ, ಬೇರೆಯವರಿಂದ ಅದನ್ನು ಮೂಲಭಾಷೆಗೆ ಮರಳಿ ಅನುವಾದ ಮಾಡಿಸಿ, ತಾಳೆ ನೋಡಿ, ರೋಗಿಗಳ ಮೇಲೆ ಪ್ರಯೋಗಿಸಿ, ಆಮೇಲೆ ಬಳಕೆಗೆ ಬಿಡುತ್ತಾರೆ. ಆದ್ದರಿಂದ ಕಾಯುವ ಕೋಣೆಯಲ್ಲಿ ಕೂತು ನೀವು ಮಾಡಿಕೊಳ್ಳುವ ಅನುವಾದ ಆ ಅಳತೆಯಲ್ಲ. ನಿಮಗೆ ಇಂಗ್ಲಿಷ್ ಸುಲಭವಾದರೆ ಇಂಗ್ಲಿಷ್ ಫಾರಂ ಇದೆಯೇ ಎಂದು ಕೇಳಿ, ಕೇಳಲು ಸಂಕೋಚ ಬೇಡ. ಒಂದಂತೂ ಮಾಡಬೇಡಿ: ಕಾಯಿಲೆ ಇರುವ ಮಗುವನ್ನೋ ಅದರ ಅಣ್ಣನನ್ನೋ ದುಭಾಷಿಯಾಗಿ ಕೂರಿಸಿಕೊಂಡು ನಿಮ್ಮ ಫಾರಂ ತುಂಬಬೇಡಿ. 'ಮಗುವಿನ ಭವಿಷ್ಯದ ಬಗ್ಗೆ ನಿಮಗೆ ಎಷ್ಟು ಚಿಂತೆ' ಎಂಬ ಪ್ರಶ್ನೆಯನ್ನು ಆ ಮಗುವಿನ ಬಾಯಿಂದಲೇ ಕೇಳಿ ನೀವು ಏನು ಉತ್ತರ ಕೊಡುತ್ತೀರಿ?

ಸೆಳೆತಕ್ಕೆ ಮುಂಚೆ ಆಗುವ ಅನುಭವವನ್ನು ಮಾತ್ರ ಮಗು ಯಾವ ಭಾಷೆಯಲ್ಲಿ ಹೇಳಿತೋ ಅದೇ ಭಾಷೆಯಲ್ಲಿ ಬರೆದಿಡಿ. ನಮ್ಮ ಪರಿಚಯದ ಇನ್ನೊಂದು ಮನೆಯ ಹುಡುಗ, "ಬೌಖ್ ಒಳಗೆ ಲಿಫ್ಟ್ ಮೇಲೆ ಹೋಗತ್ತೆ" ಎನ್ನುತ್ತಿದ್ದ. ಬೌಖ್ ಎಂದರೆ ಹೊಟ್ಟೆ. ಅವರಮ್ಮ ಅದನ್ನು 'ಹೊಟ್ಟೆನೋವು' ಎಂದು ಸರಳ ಮಾಡಿ ವೈದ್ಯರಿಗೆ ಹೇಳುತ್ತಿದ್ದರು. ಒಂದು ದಿನ ಹುಡುಗ ತಾನೇ ಲಿಫ್ಟಿನ ಮಾತು ಹೇಳಿದಾಗ ವೈದ್ಯರು ಪೆನ್ನು ಕೆಳಗಿಟ್ಟು ಕೇಳಿದರಂತೆ. ಹೊಟ್ಟೆಯಿಂದ ಏನೋ ಮೇಲೇರಿ ಬರುವ ಅನುಭವ ಮೆದುಳಿನ ಕಿವಿಯ ಬದಿಯ ಭಾಗದಿಂದ ಹೊರಡುವ ಸೆಳೆತದ ಪ್ರಸಿದ್ಧ ಲಕ್ಷಣ. ಸಂಕಟ, ಜೋಮು, ತಲೆಸುತ್ತು, ಕಣ್ಣು ಕತ್ತಲೆ ನಮ್ಮಲ್ಲಿ ಬೇರೆ ಬೇರೆ. ಎಲ್ಲವನ್ನೂ ಒಂದೇ ಜರ್ಮನ್ ಪದಕ್ಕೆ ತುರುಕಬೇಡಿ.

ಇನ್ನೊಂದು ಸೂಕ್ಷ್ಮ. ಟೋಪಿರಾಮೇಟ್‌ನಂಥ ಕೆಲವು ಔಷಧಿಗಳಿಂದ ಮಾತಾಡುವಾಗ ಪದ ಸಿಗದೆ ತಡಕಾಡುವಂತಾಗುತ್ತದೆ, ಇದು ವೈದ್ಯರಿಗೆ ಚೆನ್ನಾಗಿ ಗೊತ್ತಿರುವ ಅಡ್ಡಪರಿಣಾಮ. ಆದರೆ ನಮ್ಮ ಮಕ್ಕಳು ಹೇಗೂ ತಡಕಾಡುತ್ತಾರೆ, 'ಅಮ್ಮಾ, ಆ... ಲೋಫೆಲ್ ಕೊಡು' ಎನ್ನುತ್ತಾರೆ. ಅದು ಔಷಧಿಯ ಪರಿಣಾಮವಲ್ಲ, ಚಮಚ ಎಂಬ ಪದದ ಬದಲು ಜರ್ಮನ್ ಪದ ಮೊದಲು ಬಾಯಿಗೆ ಬಂತು, ಅಷ್ಟೇ. ಚೆನ್ನಾಗಿ ಗೊತ್ತಿದ್ದ ಪದ ಎರಡೂ ಭಾಷೆಯಲ್ಲಿ ಸಿಗದೆ ಹೋದರೆ, ಅದೂ ಔಷಧಿ ಶುರುವಾದ ಮೇಲೆ ಹೀಗಾಗುತ್ತಿದ್ದರೆ, ಆ ಮಾತು ವೈದ್ಯರ ಕಿವಿಗೆ ಬೀಳಬೇಕು. ಜರ್ಮನ್ ಮಾತ್ರ ಕೇಳುವ ಶಿಕ್ಷಕಿಗಿಂತ ಇದು ನಿಮಗೆ ಬೇಗ ಕಾಣುತ್ತದೆ. ಪದಸಂಪತ್ತಿನ ಪರೀಕ್ಷೆ ಮಾಡುವವರಿಗೂ ಮನೆಯಲ್ಲಿ ಕನ್ನಡ ಎಂದು ಮೊದಲೇ ಹೇಳಿ.

ಹಾಗಂತ ಕನ್ನಡ ಬಿಡಬೇಕಾಗಿಲ್ಲ. 'ಮಗುವಿನ ಮೆದುಳಿಗೆ ಹೊರೆ, ಒಂದೇ ಭಾಷೆ ಸಾಕು' ಎಂದು ನಮಗೂ ಒಬ್ಬರು ಬುದ್ಧಿ ಹೇಳಿದ್ದರು. ಎರಡು ಭಾಷೆ ಕಲಿತದ್ದರಿಂದ ಅಪಸ್ಮಾರ ಬರುವುದಿಲ್ಲ. ಅಜ್ಜಿಯ ಜೊತೆ ಮಾತಾಡಲಾಗದ ಮಗುವಿನ ಬದುಕಿನ ಗುಣಮಟ್ಟವನ್ನು ಯಾವ ಚೌಕದಲ್ಲಿ ಬರೆಯೋಣ?

ಊರಿಗೆ ಹೋಗುವ ಮುಂಚೆ

ಫಾರಂಗಳಲ್ಲಿ ಎಲ್ಲಿಯೂ ಇರದ ಒಂದು ಪ್ರಶ್ನೆಯಿದೆ, ಕರ್ನಾಟಕದವರು ತಾವಾಗಿಯೇ ಹೇಳಬೇಕಾದದ್ದು: ತಲೆಗೆ ಬಿಸಿನೀರು ಹುಯ್ದಾಗ ಸೆಳೆತ ಬಂದಿತ್ತೇ? ಬಿಸಿನೀರ ಸ್ನಾನದ ಅಪಸ್ಮಾರ ಜಗತ್ತಿನಲ್ಲಿ ಅತಿ ಹೆಚ್ಚು ಕಂಡಿರುವುದು ದಕ್ಷಿಣ ಭಾರತದಲ್ಲಿ, ಅದರಲ್ಲೂ ಬೆಂಗಳೂರು, ಮೈಸೂರು ಸುತ್ತಮುತ್ತ. ಡಾ. ಕೆ. ಎಸ್. ಮಣಿ ಅವರ ತಂಡ ಯಳಂದೂರಿನಲ್ಲಿ ನಡೆಸಿದ ಸಮೀಕ್ಷೆಯಲ್ಲಿ ಲಕ್ಷಕ್ಕೆ 255 ಜನರಲ್ಲಿ ಇದು ಕಂಡಿತು. ನಿಮ್ಹಾನ್ಸ್‌ನ ಡಾ. ಪಿ. ಸತೀಶ್ಚಂದ್ರ ಮತ್ತು ಸಹೋದ್ಯೋಗಿಗಳು ಇದರ ಮೇಲೆ ದಶಕಗಳ ಕಾಲ ಕೆಲಸ ಮಾಡಿದ್ದಾರೆ. 40ರಿಂದ 50 ಡಿಗ್ರಿ ಬಿಸಿಯ ನೀರನ್ನು ತಂಬಿಗೆ ತಂಬಿಗೆಯಾಗಿ ತಲೆಯ ಮೇಲೆ ಹುಯ್ಯುವ ನಮ್ಮ ರೂಢಿಗೂ ಇದಕ್ಕೂ ನಂಟಿದೆ. ಇಲ್ಲಿ ಶವರ್ ಕೆಳಗೆ ಉಗುರುಬೆಚ್ಚಗಿನ ನೀರಲ್ಲಿ ಏನೂ ಆಗದ ಮಗುವಿಗೆ, ಅಜ್ಜಿಯ ಮನೆಯ ಹಂಡೆ ನೀರಿನ ಎಣ್ಣೆಸ್ನಾನದಲ್ಲಿ ಆಗಬಹುದು. ಜರ್ಮನಿಯ ವೈದ್ಯರು ಇಂಥ ಒಬ್ಬ ರೋಗಿಯನ್ನೂ ನೋಡಿರದಿರಬಹುದು. ಹಿಂದೆ ಅಂಥದ್ದು ಆಗಿದ್ದರೆ ಹೇಳಿ. ನೀರಿನ ಬಿಸಿ ಇಳಿಸುವುದೇ ಮೊದಲ ಉಪಾಯ. ಕೆಲವರಿಗೆ ಸ್ನಾನಕ್ಕೆ ಮುಂಚೆ ಕ್ಲೋಬಜಾಮ್ ಮಾತ್ರೆಯನ್ನು ವೈದ್ಯರು ಬರೆದುಕೊಡುತ್ತಾರೆ.

ಸೆಳೆತ ಬಂದಾಗ ಕೈಗೆ ಬೀಗದ ಕೈ ಹಿಡಿಸುವುದು, ಈರುಳ್ಳಿ ಮೂಸಿಸುವುದು ಬೇಡ ಎಂದು ಮನೆಯವರಿಗೆಲ್ಲ ಮೊದಲೇ ಹೇಳಿಡಿ. ಬಾಯಿಗೆ ಏನೂ ಹಾಕದೆ ಪಕ್ಕಕ್ಕೆ ಮಲಗಿಸಿ ಗಡಿಯಾರ ನೋಡಿ. ಐದು ನಿಮಿಷ ದಾಟಿದರೆ ಜರ್ಮನಿಯಲ್ಲೂ ಭಾರತದಲ್ಲೂ 112. ಗಡಿಯಾರ ನೋಡುವುದು ಫಾರಂಗೂ ಬೇಕು, ಏಕೆಂದರೆ ಎದೆ ಹೊಡೆದುಕೊಳ್ಳುವಾಗ ಒಂದು ನಿಮಿಷವೂ ಹತ್ತು ನಿಮಿಷದಂತೆ ಕಾಣುತ್ತದೆ. ಸಾಧ್ಯವಾದರೆ ಇನ್ನೊಬ್ಬರು ಮೊಬೈಲಿನಲ್ಲಿ ವಿಡಿಯೋ ಮಾಡಲಿ.

ದಿನವೂ ಒಂದು ಸಾಲು ಬರೆದಿಟ್ಟರೆ ನಾಲ್ಕು ವಾರದ ಪ್ರಶ್ನೆಗೆ ತಡಕಾಡಬೇಕಿಲ್ಲ. ನಮ್ಮದು ಫ್ರಿಜ್ ಮೇಲಿನ ಕ್ಯಾಲೆಂಡರು. ಎಪಿವಿಸ್ಟಾದಂಥ ಆ್ಯಪ್ ಬಳಸುವವರೂ ಇದ್ದಾರೆ. ಎಂಟರಿಂದ ಹನ್ನೆರಡು ವರ್ಷದ ಮಕ್ಕಳಿಗೂ ಹೆತ್ತವರಿಗೂ 'ಫಾಮೋಸೆಸ್' ಎಂಬ ತರಬೇತಿಯಿದೆ. ಮಕ್ಕಳು ಒಂದು ಕೋಣೆಯಲ್ಲಿ, ನಾವು ಇನ್ನೊಂದರಲ್ಲಿ. ನಿಮ್ಮ ವೈದ್ಯರನ್ನು ಕೇಳಿ. ನಮ್ಮ ಮಗಳು ಅಲ್ಲಿಂದ ಬಂದವಳೇ ನನಗೆ ಪಾಠ ಶುರುಮಾಡಿದಳು.

ಹೆತ್ತವರ ಫಾರಂ ಕೊನೆಯಲ್ಲಿ ನಿಮ್ಮ ನಿದ್ದೆ, ನಿಮ್ಮ ಮನಸ್ಸಿನ ಬಗ್ಗೆ ಒಂದೆರಡು ಪ್ರಶ್ನೆ ಇದ್ದರೆ ಅದನ್ನು ಖಾಲಿ ಬಿಡಬೇಡಿ. ಅಪಸ್ಮಾರ ಇರುವ ದೊಡ್ಡವರಲ್ಲಿ ಬದುಕಿನ ಗುಣಮಟ್ಟವನ್ನು ಸೆಳೆತದ ಎಣಿಕೆಗಿಂತ ಖಿನ್ನತೆಯೇ ಹೆಚ್ಚು ಕುಗ್ಗಿಸುತ್ತದೆ ಎಂದು ಹಲವು ಅಧ್ಯಯನಗಳಲ್ಲಿ ಕಂಡಿದೆ. ಅದಕ್ಕೆಂದೇ ಆರು ಪ್ರಶ್ನೆಯ ಪುಟ್ಟ ಫಾರಂ ಒಂದಿದೆ, ಜರ್ಮನ್‌ನಲ್ಲೂ ಸಿಗುತ್ತದೆ. ಅಮ್ಮಂದಿರ ಮನಸ್ಸಿನ ಅಳತೆಗೆ ನಾನು ಮೂರು ವರ್ಷ 'ಪರವಾಗಿಲ್ಲ' ಎಂದೇ ಬರೆದೆ. ಹೋದ ಸಲ ನಿಜ ಬರೆದೆ. ವೈದ್ಯೆ ಅದನ್ನು ಓದಿ ಅರ್ಧ ಗಂಟೆ ನನ್ನ ಜೊತೆಯೇ ಮಾತಾಡಿದರು.

ಮುಂದಿನ ಭೇಟಿ ನವೆಂಬರ್‌ನಲ್ಲಿ. ಅದಕ್ಕೆ ಮುಂಚೆ ಶಾಲೆಯಿಂದ ಮೂರು ದಿನದ ಕ್ಲಾಸೆನ್‌ಫಾರ್ಟ್ ಇದೆ, ಎರಡು ರಾತ್ರಿ ಹೊರಗೆ. ತುರ್ತು ಔಷಧಿಯನ್ನು ಹೇಗೆ ಕೊಡಬೇಕೆಂದು ಶಿಕ್ಷಕಿಗೆ ತೋರಿಸಿ ಬಂದಿದ್ದೇವೆ. ಮೇಲಿನ ಮಂಚ ಬೇಡ, ಕೆಳಗಿನದು ಕೊಡಿ ಎಂದು ಹೇಳಿದ್ದೇವೆ. ಒಯ್ಯಬೇಕಾದ ವಸ್ತುಗಳ ಪಟ್ಟಿಯನ್ನು ಫ್ರಿಜ್ ಮೇಲೆ ಅಂಟಿಸಿದ್ದೆ: ಮಾತ್ರೆ ಡಬ್ಬಿ, ವೈದ್ಯರ ಪತ್ರ, ವಿಮೆಯ ಕಾರ್ಡು, ಫೋನ್ ನಂಬರು. ಅದರ ಕೆಳಗೆ ಅವಳು ತನ್ನ ಓರೆಕೋರೆ ಕನ್ನಡದಲ್ಲಿ ಸೇರಿಸಿದ್ದಾಳೆ: ಟಾರ್ಚು, ಚಕ್ಕುಲಿ, ಗೊಂಬೆ ಬೇಡ.